ಕಾರಿನಲ್ಲಿ ಮಾತ್ರ ಆಡುವ ಮಾತು

ಮಕ್ಕಳ ಡೇಟಿಂಗ್ ವಿಷಯ ಮನೆಯಲ್ಲಿ ಹೇಗೆ ಮಾತಾಡುತ್ತೀರಿ ಅಂತ ಕೇಳಿದ್ದಿರಿ. ನಮ್ಮಲ್ಲಿ ಆ ಮಾತು ನಡೆಯುವುದು ಕಾರಿನಲ್ಲಿ ಮಾತ್ರ. ಮುಖ ನೋಡಬೇಕಾಗಿಲ್ಲ, ಎಲ್ಲರ ಕಣ್ಣೂ ರಸ್ತೆ ಮೇಲೆ. ಮಧ್ಯದಲ್ಲಿ ಎದ್ದು ಹೋಗೋಕೂ ಆಗಲ್ಲ.

ಮೊದಲ ತೊಂದರೆ ಪದಗಳದ್ದು. ಡೇಟಿಂಗ್‌ಗೆ ನಾನು ‘ಓಡಾಡೋದು’ ಅಂದರೆ ಮಗಳಿಗೆ ನಗು. ಒಬ್ಬ ಹುಡುಗನ ಬಗ್ಗೆ ಕೇಳಿದೆ. "ಇನ್ನೂ ಟಾಕಿಂಗ್ ಸ್ಟೇಜ್ ಅಮ್ಮ" ಅಂದಳು. ಅಂದ್ರೆ ಬರೀ ಮಾತುಕತೆ, ಇನ್ನೂ ಜೋಡಿ ಅಂತ ಆಗಿಲ್ಲವಂತೆ. ಮಾತಾಡದೆ ಮತ್ತೇನು ಮಾಡ್ತಾರೆ? ಎರಡು ತಿಂಗಳಿಗೆ ಅದು ಸಿಚುಯೇಶನ್‌ಶಿಪ್ ಆಯಿತು. ಅಂದ್ರೆ ಒಬ್ಬರ ಜ್ವರಕ್ಕೆ ಇನ್ನೊಬ್ಬರು ಮಾತ್ರೆ ತಂದುಕೊಡಬಹುದು, ಆದರೆ ನಾವಿಬ್ಬರೂ ಏನು ಅಂತ ಮಾತ್ರ ಕೇಳುವ ಹಾಗಿಲ್ಲ. ಆಮೇಲೆ ಅವನು ಉತ್ತರ ಕೊಡುವುದನ್ನೇ ನಿಲ್ಲಿಸಿದ. ಅದಕ್ಕೂ ಹೆಸರಿದೆ, ಗೋಸ್ಟಿಂಗ್. ಜಗಳವಾಗಿದ್ದರೆ ವಾಸಿ ಇತ್ತು, ಬೈಯೋಕಾದರೂ ಏನೋ ಸಿಗುತ್ತಿತ್ತು.

ಮಗನ ಕಥೆ ಬೇರೆ. ಕೇಳದೆ ಯಾರನ್ನೂ ಮುಟ್ಟಬಾರದು ಅಂತ ನಾವೇ ಹೇಳಿಕೊಟ್ಟಿದ್ದೆವು. ಒಬ್ಬ ಹುಡುಗಿಗೆ ಮೊದಲ ಸಲ ಮುತ್ತು ಕೊಡುವ ಮುಂಚೆ ಕೇಳಿದನಂತೆ, ಮೆಲ್ಲಗೆ. ಅವಳಿಗೆ ಕೇಳಿಸಲಿಲ್ಲ. "ಏನು?" ಅಂದಳು. ಇವನಿಗೆ ಎರಡನೇ ಸಲ ಕೇಳುವ ಧೈರ್ಯ ಎಲ್ಲಿಂದ ಬರಬೇಕು? "ಟೈಮ್ ಎಷ್ಟು ಅಂದೆ" ಅಂದುಬಿಟ್ಟ. ಅವಳು ಪಾಪ, ಟೈಮ್ ಹೇಳಿದಳು. ನಮ್ಮ ಯಜಮಾನರು ನಗು ತಡೆಯೋಕೆ ಕಿಟಕಿ ಕಡೆ ತಿರುಗಿಕೊಂಡರು. ಕೇಳಿದ್ದು ಒಳ್ಳೆಯದಾಯಿತು, ಇನ್ನೊಂದು ಸಲ ಸ್ವಲ್ಪ ಜೋರಾಗಿ ಕೇಳು ಅಂದೆ.

ಮಗಳು ಈಗ ಬಂಬಲ್ ಅನ್ನೋ ಡೇಟಿಂಗ್ ಆ್ಯಪ್‌ನಲ್ಲಿದ್ದಾಳೆ. 2014ರಲ್ಲಿ ಅದು ಶುರುವಾದಾಗ, ಆ್ಯಪ್‌ನಲ್ಲಿ ಒಬ್ಬರನ್ನೊಬ್ಬರು ಮೆಚ್ಚಿದ ಗಂಡು ಹೆಣ್ಣಿನ ಜೋಡಿಯಲ್ಲಿ ಹೆಣ್ಣೇ ಮೊದಲು ಮಾತಾಡಬೇಕು ಅನ್ನೋದೇ ಅದರ ವಿಶೇಷ. 24 ಗಂಟೆಯೊಳಗೆ ಬರೆಯದಿದ್ದರೆ ಜೋಡಿ ಮಾಯ. 2024ರಲ್ಲಿ ಸ್ವಲ್ಪ ಸಡಿಲ ಮಾಡಿದರು. ಹುಡುಗಿ ಮೊದಲೇ ಒಂದು ಪ್ರಶ್ನೆ ಹಾಕಿಟ್ಟರೆ ಸಾಕು, ಹುಡುಗ ಅದಕ್ಕೆ ಉತ್ತರ ಬರೆಯಬಹುದು. ಮೊದಲ ಮಾತು ಬಾಯಿಂದ ಹೊರಡೋದು ಎಷ್ಟು ಕಷ್ಟ ಅಂತ ಅವರಿಗೂ ಗೊತ್ತಾಗಿರಬೇಕು.

"ಏನು ಪ್ರಶ್ನೆ ಹಾಕಲಿ ಅಮ್ಮ?"

"ಕೋಪ ಬಂದ್ರೆ ಏನು ಮಾಡ್ತೀರಿ ಅಂತ ಕೇಳು."

"ಇದು ಇಂಟರ್‌ವ್ಯೂ ಅಲ್ಲಮ್ಮ."

ಹಾಗಂದವಳು ಅದನ್ನೇ ಹಾಕಿದ್ದಾಳೆ! ಮೊನ್ನೆ ಸಿಗ್ನಲ್‌ನಲ್ಲಿ ನಿಂತಿದ್ದಾಗ ಫೋನ್ ಟಿಂಗ್ ಅಂತು. ಅವಳು ಓದಿ, ತುಟಿ ಕಚ್ಚಿಕೊಂಡು, ನನ್ನ ಕಡೆ ಹಿಡಿದಳು. ‘ಪಾತ್ರೆ ತೊಳೀತೀನಿ’ ಅಂತ ಒಬ್ಬ ಹುಡುಗ ಬರೆದಿದ್ದ. ಇವನನ್ನು ಬಿಡಬೇಡ ಕಣೇ ಅನ್ನೋಕೆ ಬಾಯಿ ತೆರೆದೆ, ಅಷ್ಟರಲ್ಲಿ ಹಿಂದಿನ ಕಾರಿನವನು ಹಾರ್ನ್ ಹೊಡೆದ. ಹಸಿರು ಬಿದ್ದು ಎಷ್ಟು ಹೊತ್ತಾಗಿತ್ತೋ.