ಜೊನಾಥನ್ ಬ್ಯಾಂಕ್ಸ್: ನಟನೆಯೋ, ಬರೀ ಅದೃಷ್ಟವೋ?

ಹಳೇಟೇಪು: ಅಮೆರಿಕದ ಟಿವಿ ಧಾರಾವಾಹಿ ಬ್ರೇಕಿಂಗ್ ಬ್ಯಾಡ್‌ನ ಮೈಕ್ ಅಂತ ನಟ ಜೊನಾಥನ್ ಬ್ಯಾಂಕ್ಸ್‌ರನ್ನು ಎಲ್ಲರೂ ತಲೆ ಮೇಲೆ ಹೊತ್ತು ಕುಣಿಯುತ್ತಾರೆ. 2009ರ ಒಂದು ಎಪಿಸೋಡ್‌ನಲ್ಲಿ ಜೆಸ್ಸಿ ಅನ್ನೋ ಪಾತ್ರದ ಮನೆಗೆ ಹೋಗಬೇಕಿದ್ದದ್ದು ವಕೀಲ ಸಾಲ್. ಆ ಪಾತ್ರದ ಬಾಬ್ ಓಡನ್‌ಕರ್ಕ್‌ಗೆ ಬೇರೆ ಶೂಟಿಂಗ್ ಇತ್ತು, ಹಾಗಾಗಿ ಮೈಕ್ ಹುಟ್ಟಿದ. ಅಲ್ಲಿವರೆಗೆ ಇವರು ಯಾರಿಗೂ ಗೊತ್ತಿರಲಿಲ್ಲ.

ಬಾಲ್ಕನಿ ಸೀಟು: "ಯಾರಿಗೂ ಗೊತ್ತಿರಲಿಲ್ಲ" ಅಂದ್ರಾ? ವೈಸ್‌ಗೈ ಧಾರಾವಾಹಿಯ ಫ್ರಾಂಕ್ ಮೆಕ್‌ಪೈಕ್ ಪಾತ್ರಕ್ಕೆ 1989ರಲ್ಲೇ ಅಮೆರಿಕದ ಟಿವಿ ಪ್ರಶಸ್ತಿ ಎಮ್ಮಿಗೆ ನಾಮಿನೇಷನ್ ಬಂದಿತ್ತು ಸಾರ್. 1984ರ ಬೆವರ್ಲಿ ಹಿಲ್ಸ್ ಕಾಪ್‌ನಲ್ಲಿ ಎಡ್ಡಿ ಮರ್ಫಿಯ ಗೆಳೆಯನನ್ನು ಕೊಲ್ಲುವವನೂ ಇವರೇ. ನೀವು ನೋಡಿಲ್ಲ ಅಂದ್ರೆ ಅದು ಅವರ ತಪ್ಪಾ?

ಕಡ್ಲೆಪುರಿ: ನಾಮಿನೇಷನ್ ಬಿಡಿ, ಗೆದ್ದಿದ್ದೆಷ್ಟು? ಆರು ಸಲ ಎಮ್ಮಿ ಪಟ್ಟಿಯಲ್ಲಿ ಹೆಸರು, ಆರೂ ಸಲ ಬರಿಗೈ. 2013ರಲ್ಲಿ ಬಾಬಿ ಕ್ಯಾನವಾಲೆ ಹೊಡ್ಕೊಂಡು ಹೋದರು, 2015ರಲ್ಲಿ ಪೀಟರ್ ಡಿಂಕ್ಲೇಜ್.

ಬಾಲ್ಕನಿ ಸೀಟು: ಇದೇ ಮೈಕ್ ಮತ್ತೆ ಬರುವ ಬೆಟರ್ ಕಾಲ್ ಸಾಲ್‌ಗೆ 53 ಎಮ್ಮಿ ನಾಮಿನೇಷನ್, ಪ್ರಶಸ್ತಿ ಸೊನ್ನೆ. ಹಾಗಾದ್ರೆ ಅದು ಕೆಟ್ಟ ಧಾರಾವಾಹಿನಾ?

ಕಡ್ಲೆಪುರಿ: ಕೆಟ್ಟದ್ದು ಅಂತ ನಾನೆಲ್ಲಿ ಹೇಳಿದೆ? ಆದರೆ ನೋಡೋಕೆ ಕಷ್ಟ. ಕಥೆ ನಡೆಯೋದು 2002ರಲ್ಲಿ, ಬ್ರೇಕಿಂಗ್ ಬ್ಯಾಡ್‌ಗೂ ಮುಂಚೆ. ಆದರೆ ಬ್ಯಾಂಕ್ಸ್ 1947ರಲ್ಲಿ ಹುಟ್ಟಿದವರು, ಮೊದಲ ಸೀಸನ್ ಬಂದ 2015ಕ್ಕೆ 68 ಆಗಿತ್ತು. ಹಳೇ ಕಥೆಯಲ್ಲೇ ಜಾಸ್ತಿ ಮುದುಕರಾಗಿ ಕಾಣ್ತಾರೆ.

ಸಂಜೆ ಶೋ: ಮುದುಕರಾ? ಅದೇ ಸೀಸನ್ನಿನ ಆರನೇ ಎಪಿಸೋಡ್ ನೋಡಿದ್ದೀರಾ? ಪೊಲೀಸ್ ಆಗಿದ್ದ ಮಗ ಹೇಗೆ ಸತ್ತ ಅಂತ ಸೊಸೆಗೆ ಹೇಳುವ ದೃಶ್ಯ. ಆ ಮುಖದ ಸುಕ್ಕೇ ಅರ್ಧ ಕೆಲಸ ಮಾಡುತ್ತೆ. ಮೇಕಪ್ ಹಚ್ಚಿ ಎಳೆಯರಾಗಿ ತೋರಿಸಿದ್ದರೆ ಆ ದೃಶ್ಯ ಅಲ್ಲೇ ಸಾಯ್ತಿತ್ತು.

ಕಡ್ಲೆಪುರಿ: ಅಂದ್ರೆ ವಯಸ್ಸಾಗಿ ಕಾಣ್ತಾರೆ ಅಂತ ನೀವೂ ಒಪ್ಪಿದ್ರಿ. ಥ್ಯಾಂಕ್ಸ್.

ಸಂಜೆ ಶೋ: ಏನ್ರೀ ಇದು, ನಾನು ಹೇಳಿದ್ದೇನು, ನೀವು ಓದಿದ್ದೇನು! ಸುಮ್ನೆ ವಾದಕ್ಕೆ ವಾದ ಮಾಡಬೇಡಿ.

ಹಳೇಟೇಪು: ಬ್ಯಾಂಕ್ಸ್ ವಯಸ್ಸು ನಾನು ಕೇಳಿರಲೇ ಇಲ್ಲ. ಅವಕಾಶ ಸಿಕ್ಕಿದ್ದು ಅದೃಷ್ಟ, ಅಷ್ಟೇ.

ಬಾಲ್ಕನಿ ಸೀಟು: "ಅಷ್ಟೇ" ಅಂತೆ! ಓಡನ್‌ಕರ್ಕ್ ವಾಪಸ್ ಬಂದ ಮೇಲೂ ಮೈಕ್‌ನನ್ನು ಯಾಕೆ ಉಳಿಸಿಕೊಂಡರು? ಬ್ರೇಕಿಂಗ್ ಬ್ಯಾಡ್‌ನ ಮುಂದಿನ ಸೀಸನ್ನಿನಲ್ಲಿ ಕಥಾನಾಯಕ ವಾಲ್ಟ್ ಮನೆಯಲ್ಲಿ ಕೂತು, ಹೆಂಡತಿಯನ್ನು ಹೊಡೆಯುವವನೊಬ್ಬನ ಕಥೆ ಹೇಳ್ತಾನಲ್ಲ, ಕೈ ಕಾಲು ಆಡಿಸದೆ ಬರೀ ದನಿಯಲ್ಲಿ. ಅದನ್ನೂ ಅದೃಷ್ಟವೇ ಮಾಡಿಸಿತಾ?

ಹಳೇಟೇಪು: ಡೈಲಾಗ್ ಬರೆದವರು ಬೇರೆ ಸ್ವಾಮಿ. ಹೊಗಳೋದಾದರೆ ಅವರನ್ನು ಹೊಗಳಿ.

ಸಂಜೆ ಶೋ: ಕಡ್ಲೆಪುರಿಯವರೇ, ಬ್ರೇಕಿಂಗ್ ಬ್ಯಾಡ್‌ನ ಖಳ ಗಸ್ ಫ್ರಿಂಗ್ ಆಗಿ ಜಿಯಾನ್‌ಕಾರ್ಲೊ ಎಸ್ಪೊಸಿಟೊ ಕೂಡ ಬೆಟರ್ ಕಾಲ್ ಸಾಲ್‌ಗೆ ವಾಪಸ್ ಬಂದರು. ಅವರಿಗೇನು ವಯಸ್ಸು ಹಿಂದಕ್ಕೆ ಓಡಿತ್ತಾ? ಅವರನ್ನು ಮಾತ್ರ ಕೇಳಲ್ಲ ನೀವು.

ಕಡ್ಲೆಪುರಿ: ಎಸ್ಪೊಸಿಟೊ ಹುಟ್ಟಿದ್ದು 1958ರಲ್ಲಿ. ಹನ್ನೊಂದು ವರ್ಷ ಚಿಕ್ಕವರು. ಮೊದಲು ಕೂಡೋದು ಕಳೆಯೋದು ಕಲಿತು ಬನ್ನಿ.