ಪದಚರ್ಚೆ: ಐರೋಪ್ಯ ಒಕ್ಕೂಟದ ಕಾನೂನಿನಲ್ಲಿ ವಿದ್ಯುನ್ಮಾನ ‘ಸಹಿ’ ಮತ್ತು ‘ಮೊಹರು’

ಎಲ್ಲರಿಗೂ ನಮಸ್ಕಾರ.

ಯುರೋಪಿನಲ್ಲಿರುವ ಮಕ್ಕಳ ಜೊತೆ ಹೋಗಿ ನೆಲೆಸಿದ ಹಿರಿಯರಿಗಾಗಿ, ಅಲ್ಲಿನ ಸರ್ಕಾರಗಳ ಆನ್‌ಲೈನ್ ಸೇವೆಗಳನ್ನು ಕನ್ನಡದಲ್ಲಿ ವಿವರಿಸುವ ಕಿರುಹೊತ್ತಗೆಯೊಂದನ್ನು ಸಿದ್ಧಪಡಿಸುತ್ತಿದ್ದೇನೆ. ಅದರಲ್ಲಿ ಎರಡು ಪದಗಳ ಬಗ್ಗೆ ನಿಮ್ಮ ಅಭಿಪ್ರಾಯ ಬೇಕಾಗಿದೆ.

ಐರೋಪ್ಯ ಒಕ್ಕೂಟವು 2014ರಲ್ಲಿ ಅಂಗೀಕರಿಸಿದ, ‘ಐಡಾಸ್’ ಎಂಬ ಕಿರುಹೆಸರಿನ 910/2014ನೇ ನಿಯಮಾವಳಿಯ ಬಹುಭಾಗ 2016ರ ಜುಲೈ 1ರಿಂದ ಅನ್ವಯವಾಗಿದೆ. ‘ಎಲೆಕ್ಟ್ರಾನಿಕ್ ಸಿಗ್ನೇಚರ್’ ಮತ್ತು ‘ಎಲೆಕ್ಟ್ರಾನಿಕ್ ಸೀಲ್’ ಎಂಬುವನ್ನು ಅದು ಸ್ಪಷ್ಟವಾಗಿ ಬೇರ್ಪಡಿಸುತ್ತದೆ. ಮೊದಲನೆಯದನ್ನು ಹಾಕುವವನು ಮನುಷ್ಯ. ಎರಡನೆಯದನ್ನು ಹಾಕುವುದು ಕಂಪನಿ, ಇಲಾಖೆ, ವಿಶ್ವವಿದ್ಯಾಲಯದಂತಹ ಸಂಸ್ಥೆ. ಸಹಿ ಹಾಕಿದವನು ಬರಹಕ್ಕೆ ಒಪ್ಪಿದ್ದಾನೆ ಎಂದು ಅರ್ಥ. ಸಂಸ್ಥೆಯ ಸೀಲು ಒಪ್ಪಿಗೆಯ ಮಾತನ್ನೇ ಎತ್ತುವುದಿಲ್ಲ. ಈ ದಾಖಲೆ ಹೊರಟದ್ದು ಇಲ್ಲಿಂದಲೇ, ಹೊರಟ ಮೇಲೆ ಇದರಲ್ಲಿ ಒಂದಕ್ಷರವೂ ಬದಲಾಗಿಲ್ಲ ಎಂಬುದಕ್ಕೆ ಅದು ಆಧಾರ.

ನಮ್ಮ ನಾಡಕಚೇರಿಯ ಪ್ರಮಾಣಪತ್ರಗಳಿಂದಾಗಿ ‘ಡಿಜಿಟಲ್ ಸಹಿ’ ಎಂಬ ಮಾತು ಹಳ್ಳಿಹಳ್ಳಿಗೂ ತಲುಪಿದೆ. ಮೊದಲನೆಯದಕ್ಕೆ ‘ಸಹಿ’ಯನ್ನು ಬಿಟ್ಟು ಬೇರೆ ಪದ ಹುಡುಕುವ ಅಗತ್ಯ ನನಗೆ ಕಾಣುವುದಿಲ್ಲ. ‘ಅಂಕಿತ’ ಸುಂದರವಾದ ಪದವೇ. ಆದರೆ ಮಸೂದೆಗೆ ಬೀಳುವ ರಾಜ್ಯಪಾಲರ ಅಂಕಿತ, ವಚನದ ಕೊನೆಗೆ ಬರುವ ಅಂಕಿತ ಇವೆರಡರ ಘನತೆಯನ್ನು ಬಾಡಿಗೆ ಕರಾರಿನ ಮೇಲೆ ಹೇರುವುದು ಸರಿಯೆನಿಸುವುದಿಲ್ಲ.

ನಿಜವಾದ ತೊಡಕಿರುವುದು ಎರಡನೆಯ ಪದದಲ್ಲಿ. ಜನರ ಬಾಯಲ್ಲಿರುವುದು ‘ಸೀಲು’. ಆದರೆ ‘ಅಂಗಡಿಗೆ ಸೀಲು ಹಾಕಿದರು’ ಎಂದರೆ ಬೀಗ ಜಡಿದರು ಎಂದೇ ಅರ್ಥ, ಅದೂ ಅಲ್ಲದೆ 2020ರಲ್ಲಿ ಬೀದಿಬೀದಿಗಳ ‘ಸೀಲ್‌ಡೌನ್’ ಕಂಡ ಮೇಲೆ ಆ ಅರ್ಥ ಇನ್ನಷ್ಟು ಗಟ್ಟಿಯಾಗಿದೆ. ‘ಠಸ್ಸೆ’ ಎಂದರೆ ನೇರಳೆ ಶಾಯಿಯ ಪ್ಯಾಡಿಗೆ ಒತ್ತಿ ಹೊಡೆಯುವ ರಬ್ಬರಿನ ಅಚ್ಚು ಕಣ್ಣಿಗೆ ಬರುತ್ತದೆ. ಹಾಗೆ ನೋಡಿದರೆ ಫ್ರೆಂಚರು ಅಂತಹ ಠಸ್ಸೆಗೆ ಬಳಸುವ ‘ಕಾಶೆ’ ಎಂಬ ಪದವನ್ನೇ ಈ ಕಾನೂನಿನಲ್ಲೂ ಉಳಿಸಿಕೊಂಡಿದ್ದಾರೆ. ಎಸ್ಟೋನಿಯಾದವರು ‘ಟೆಂಪೆಲ್’ ಎಂದು ಕರೆದು, ದಾಖಲೆಯ ಹೊತ್ತನ್ನು ಗುರುತಿಸುವ ಟೈಮ್‌ಸ್ಟ್ಯಾಂಪಿಗೂ ಅದನ್ನೇ ಮುಂದುವರಿಸಿ ‘ಅಯಾಟೆಂಪೆಲ್’ ಎಂದಿದ್ದಾರೆ.

ಅದೇ ದಾರಿಯಲ್ಲಿ ಕನ್ನಡದಲ್ಲಿ ‘ಮುದ್ರೆ’, ‘ಕಾಲಮುದ್ರೆ’ ಎನ್ನಬಹುದಿತ್ತು. ಆದರೆ ಯೋಗ, ನಾಟ್ಯ, ಮುದ್ರಣಗಳ ನಡುವೆ ‘ಮುದ್ರೆ’ ಈಗಾಗಲೇ ಬಹಳ ಭಾರ ಹೊತ್ತಿದೆ. ಹೀಗಾಗಿ ಹೊತ್ತಿನ ಗುರುತಿಗೆ ಮಾತ್ರ ‘ಕಾಲಮುದ್ರೆ’ಯನ್ನು ಇಟ್ಟುಕೊಂಡು, ಸಂಸ್ಥೆಯದಕ್ಕೆ ‘ಮೊಹರು’ ಎನ್ನುವುದು ನನ್ನ ಆಯ್ಕೆ. ‘ಸಹಿ ಮತ್ತು ಮೊಹರು’ ಎಂಬ ಜೋಡಿ ನಮ್ಮ ಅರ್ಜಿ ನಮೂನೆಗಳ ತಳದಲ್ಲಿ ಮೊದಲಿನಿಂದಲೂ ಇದೆ. ಅಲ್ಲಿಯೂ ಸಹಿ ವ್ಯಕ್ತಿಯದು, ಮೊಹರು ಕಚೇರಿಯದು. ಮೊಹರು ಮಾಡಿದ ಲಕೋಟೆಯ ನೆನಪು ಬಂದು ಓದುಗರು ದಾಖಲೆಯನ್ನು ಮುಚ್ಚಿಟ್ಟಿದ್ದಾರೆಂದು ತಿಳಿದಾರೇ ಎಂಬ ಅಳುಕು ನನಗೂ ಇತ್ತು. ಆದರೆ ಅರಗು ಒಡೆದಿದ್ದರೆ ಯಾರೋ ಕೈಯಾಡಿಸಿದ್ದಾರೆಂದು ತಿಳಿಯುವಂತೆ, ಇಲ್ಲಿ ದಾಖಲೆ ತಿದ್ದಿದರೆ ಪರಿಶೀಲನೆಯಲ್ಲಿ ಸಿಕ್ಕಿಬೀಳುತ್ತದೆ. ಆ ನೆನಪು ಅರ್ಥಕ್ಕೆ ಒದಗಿಯೇ ಬರುತ್ತದೆ.

ಇಂತಹ ಭೇದಗಳು ಹಿರಿಯರಿಗೆ ಯಾಕೆ ತಿಳಿಯಬೇಕೆಂದು ಕೇಳುವವರಿಗೆ ಒಂದು ಉದಾಹರಣೆ. ತಾಲಿನ್‌ನಲ್ಲಿರುವ ನನ್ನ ಅಕ್ಕನ ಮಗ ತನ್ನ ಎಸ್ಟೋನಿಯಾದ ಗುರುತಿನ ಚೀಟಿಯನ್ನು ರೀಡರಿಗೆ ತೂರಿಸಿ ತೋರಿಸಿದ. ಅದಕ್ಕೆ ಎರಡು ಪಿನ್‌ಗಳಿವೆ. ಮೊದಲನೆಯದು ‘ನಾನು ಇಂಥವನು’ ಎಂದು ತೋರಿಸಿ ಒಳಗೆ ಹೋಗಲು. ಎರಡನೆಯದು ಸಹಿ ಹಾಕಲು ಮಾತ್ರ. ಅಕ್ಕ ಪಕ್ಕದಲ್ಲೇ ಕುಳಿತು, “ಎರಡೂ ನಂಬರೇ ತಾನೇ, ಯಾವುದನ್ನು ಒತ್ತಿದರೇನಪ್ಪಾ?” ಎಂದು ಕೇಳಿದಳು. ಅವನು, “ಮೊದಲನೆಯದು ಬಾಗಿಲು ತಟ್ಟಿದ ಹಾಗೆ ಅಮ್ಮ, ಎರಡನೆಯದು ಪತ್ರಕ್ಕೆ ರುಜು ಹಾಕಿದ ಹಾಗೆ” ಎಂದ. ಗುರುತು, ಸಹಿ, ಮೊಹರು ಮೂರನ್ನೂ ‘ಡಿಜಿಟಲ್ ದೃಢೀಕರಣ’ ಎಂಬ ಒಂದೇ ಮಾತಿನಲ್ಲಿ ಕಟ್ಟಿಹಾಕುವ ಅನುವಾದಗಳ ಬಗ್ಗೆ ನನಗಿರುವ ಆತಂಕ ಇದೇ: ಎಲ್ಲಿ ಒಪ್ಪಿಗೆ ಕೊಟ್ಟೆವೆಂಬುದೇ ಓದುಗರಿಗೆ ತಿಳಿಯದೆ ಹೋಗುತ್ತದೆ.

ಇನ್ನು ನನಗೆ ಬಗೆಹರಿಯದೆ ಉಳಿದಿರುವುದು, ಸಹಿಗಳ ಅತಿ ಮೇಲಿನ ದರ್ಜೆಗೆ ಆ ನಿಯಮಾವಳಿ ಇಟ್ಟಿರುವ ‘ಕ್ವಾಲಿಫೈಡ್’ ಎಂಬ ವಿಶೇಷಣ. ಈ ದರ್ಜೆಯ ಸಹಿಗೆ ಕೈಬರಹದ ಸಹಿಯಷ್ಟೇ ಕಾನೂನುಬಲವಿದೆ. ಜರ್ಮನ್ ಪಠ್ಯದ ಈ ವಾಕ್ಯದಲ್ಲಿ ವಿದ್ಯುನ್ಮಾನ ಸಹಿಗೆ ‘ಜಿಗ್ನಟೂರ್’, ಕೈಬರಹದ್ದಕ್ಕೆ ‘ಉಂಟರ್‌ಶ್ರಿಫ್ಟ್’ ಎಂದು ಬೇರೆಬೇರೆ ಪದಗಳಿವೆ. ಫ್ರೆಂಚಿನಲ್ಲಿ ಎರಡಕ್ಕೂ ಒಂದೇ. ‘ಅರ್ಹ ಸಹಿ’ ಎಂದರೆ ಸಹಿ ಹಾಕಿದವರ ಅರ್ಹತೆಯ ಮಾತೆಂದು ತೋರುತ್ತದೆ. ‘ಮಾನ್ಯ ಸಹಿ’ ಎಂದರೆ ಉಳಿದವು ಅಮಾನ್ಯವೆಂಬ ಅರ್ಥ ಹುಟ್ಟುತ್ತದೆ. ಆದರೆ ಈ ದರ್ಜೆಯದಲ್ಲವೆಂಬ ಒಂದೇ ಕಾರಣಕ್ಕೆ ಯಾವ ವಿದ್ಯುನ್ಮಾನ ಸಹಿಯ ಕಾನೂನುಬಲವನ್ನೂ ತಳ್ಳಿಹಾಕುವಂತಿಲ್ಲ ಎಂದು ಅದೇ ನಿಯಮಾವಳಿ ಹೇಳುತ್ತದೆ. ಸರ್ಕಾರದ ಉಸ್ತುವಾರಿಯಲ್ಲಿರುವ, ವಿಶ್ವಾಸಾರ್ಹರ ಪಟ್ಟಿಗೆ ಸೇರಿದ ಸಂಸ್ಥೆಯ ಪ್ರಮಾಣಪತ್ರದಿಂದ ಹಾಕಿದ್ದು ಎಂಬುದು ಇದರ ತಿರುಳಾದ್ದರಿಂದ, ‘ಪಟ್ಟಿದಾರ ಸಹಿ’, ‘ಮೇಲ್ದರ್ಜೆಯ ಸಹಿ’ ಎಂಬ ಎರಡನ್ನು ಬರೆದು ನೋಡಿದೆ; ಮೊದಲನೆಯದು ಬಿಗಿಯಾಯಿತು, ಎರಡನೆಯದು ಸಡಿಲವಾಯಿತು. ಕಾನೂನು ಅಥವಾ ಬ್ಯಾಂಕಿನ ಕಾಗದಪತ್ರಗಳಲ್ಲಿ ಇದಕ್ಕೆ ಹೊಂದುವ ಮಾತನ್ನು ಬಳಸಿದವರಿದ್ದರೆ, ಅದು ಬಂದ ವಾಕ್ಯದ ಸಮೇತ ತಿಳಿಸಬೇಕೆಂದು ಕೋರುತ್ತೇನೆ.