‘ಅನಿರ್ದಿಷ್ಟ ಸೊಂಟನೋವು’: ಈ ಪದ ರೋಗಿಗೆ ಏನು ಹೇಳುತ್ತದೆ?

ಬಳಗದವರಿಗೆ ನಮಸ್ಕಾರ.

ಕೋಲಾರದ ಒಂದು ಫಿಸಿಯೋಥೆರಪಿ ಕ್ಲಿನಿಕ್‌ಗಾಗಿ ಸೊಂಟನೋವಿನ ಬಗ್ಗೆ ಎರಡು ಪುಟದ ಕನ್ನಡ ಮಾಹಿತಿ ಪತ್ರ ಸಿದ್ಧವಾಗುತ್ತಿದೆ. ಕರಡು ತಿದ್ದುವ ಕೆಲಸ ನನ್ನ ಪಾಲಿಗೆ ಬಂದಿದೆ. ನನ್ನ ಹೊಟ್ಟೆಪಾಡು ಮೆಡಿಕಲ್ ಕೋಡಿಂಗ್. ಅಂದರೆ ವೈದ್ಯರು ಬರೆದ ಟಿಪ್ಪಣಿ ಓದಿ, ರೋಗನಿರ್ಣಯಕ್ಕೆ ತಕ್ಕ ಕೋಡ್ ಹಾಕುವುದು. ಮನೆಯಲ್ಲಿ ಕುಳಿತು ಅಮೆರಿಕದ ಆಸ್ಪತ್ರೆಗಳ ಕಡತ ನೋಡುತ್ತೇನೆ. ಹಾಗಾಗಿ ಈ ಪದಗಳ ಜೊತೆ ದಿನವೂ ಗುದ್ದಾಟ.

ಕರಡಿನಲ್ಲಿ ‘ನಾನ್‌ಸ್ಪೆಸಿಫಿಕ್’ ಎಂಬುದಕ್ಕೆ ‘ಅನಿರ್ದಿಷ್ಟ ಸೊಂಟನೋವು’ ಎಂದು ಬರೆದಿದ್ದಾರೆ. ನಿಘಂಟಿನ ಪ್ರಕಾರ ತಪ್ಪಿಲ್ಲ. ಆದರೆ ಜನ ಈ ಪದವನ್ನು ಹೆಚ್ಚಾಗಿ ಕಂಡಿರುವುದು ‘ಅನಿರ್ದಿಷ್ಟಾವಧಿ ಮುಷ್ಕರ’ ಎಂಬ ಪತ್ರಿಕೆಯ ತಲೆಬರಹದಲ್ಲಿ. ಟೊಮೆಟೊ ಮಾರುಕಟ್ಟೆಯಲ್ಲಿ ಬಾಕ್ಸ್ ಎತ್ತಿ ಇಳಿಸುವ ಹಮಾಲರೊಬ್ಬರಿಗೆ ಕರಡನ್ನು ಓದಲು ಕೊಟ್ಟೆ. ಆ ಸಾಲಿನ ಮೇಲೆ ಬೆರಳಿಟ್ಟು, ‘ಹಾಗಾದರೆ ಇದಕ್ಕೆ ಕೊನೆಯೇ ಇಲ್ಲವೇ ಸ್ವಾಮಿ?’ ಎಂದು ಕೇಳಿದರು. ನಿಜದಲ್ಲಿ ಆ ಪುಟ ಹೇಳಬೇಕಾದದ್ದು ಇದಕ್ಕೆ ತೀರಾ ವಿರುದ್ಧ: ಇಂಥ ನೋವು ಹೊಸದಾಗಿ ಬಂದಾಗ ಬಹುಪಾಲು ಜನರಿಗೆ ಕೆಲವೇ ವಾರಗಳಲ್ಲಿ ತಗ್ಗುತ್ತದೆ, ಹಾಸಿಗೆ ಹಿಡಿಯಬೇಡಿ, ಆದಷ್ಟು ಓಡಾಡಿಕೊಂಡಿರಿ.

ತೊಡಕು ಇನ್ನೂ ಒಂದಿದೆ. ಇಂಗ್ಲಿಷಿನಲ್ಲಿ ಬೇರೆ ಬೇರೆಯಾಗಿರುವ ಮಾತುಗಳೆಲ್ಲ ಕನ್ನಡಕ್ಕೆ ಬರುವಾಗ ‘ಅನಿರ್ದಿಷ್ಟ’ದೊಳಗೇ ಬಂದು ಬೀಳುತ್ತವೆ. ‘ನಾನ್‌ಸ್ಪೆಸಿಫಿಕ್’ ವೈದ್ಯರ ಮಾತು. ಮೂಳೆ ಮುರಿತ, ಸೋಂಕು, ಗೆಡ್ಡೆ, ನರದ ಒತ್ತಡ, ಉರಿಯೂತದ ಕಾಯಿಲೆ ಇವು ಯಾವುವೂ ಅಲ್ಲ ಎಂದು ನೋಡಿದ ಮೇಲೆ ಹೇಳುವ ತೀರ್ಮಾನ ಅದು. ವಿಶ್ವ ಆರೋಗ್ಯ ಸಂಸ್ಥೆಯ ಪ್ರಕಾರ ಸೊಂಟನೋವಿನ ಪ್ರಕರಣಗಳಲ್ಲಿ ಸುಮಾರು 90 ಶೇಕಡಾ ಈ ಬಗೆಯವು. ‘ಅನ್‌ಸ್ಪೆಸಿಫೈಡ್’ ನಮ್ಮಂಥ ಕೋಡರ್‌ಗಳ ಮಾತು. ಅದರ ಅರ್ಥ ಟಿಪ್ಪಣಿಯಲ್ಲಿ ವಿವರ ಸಾಲದು ಎಂದಷ್ಟೇ; ಕೊರತೆ ಇರುವುದು ಬರಹದಲ್ಲಿ. ಪಹಣಿಯಲ್ಲಿ ಬೆಳೆಯ ಕಾಲಂ ಖಾಲಿ ಇದ್ದ ಮಾತ್ರಕ್ಕೆ ಹೊಲದಲ್ಲಿ ಬೆಳೆಯೇ ಇಲ್ಲ ಎನ್ನಲಾಗುತ್ತದೆಯೇ? ಇವೆರಡರ ಪಕ್ಕದಲ್ಲಿ ಮೂರನೆಯದು ‘ಅದರ್’, ಅಂದರೆ ಇತರೆ. ಇಲ್ಲಿ ವೈದ್ಯರು ವಿವರ ಬರೆದಿದ್ದಾರೆ, ಆದರೆ ಅದಕ್ಕೆ ಕೋಡ್ ಪಟ್ಟಿಯಲ್ಲಿ ಪ್ರತ್ಯೇಕ ಸಂಖ್ಯೆ ಇಲ್ಲ.

ಇದು ಬರೀ ಪದಗಳ ಕೂದಲು ಸೀಳುವ ಕೆಲಸವಲ್ಲ. ರೋಗಗಳಿಗೆ ಕೋಡ್ ಕೊಡುವ ವಿಶ್ವ ಆರೋಗ್ಯ ಸಂಸ್ಥೆಯ ಪಟ್ಟಿಯ ಹೆಸರು ಐಸಿಡಿ. ಐಸಿಡಿ-10ರ ಅಮೆರಿಕದ ಆವೃತ್ತಿಯಲ್ಲಿ ಸೊಂಟನೋವಿಗೆ ಮೊದಲು ಎಂ54.5 ಎಂಬ ಒಂದೇ ಕೋಡ್ ಇತ್ತು. 2021ರ ಅಕ್ಟೋಬರ್ 1ರಿಂದ ಅದು ಮೂರಾಗಿ ಒಡೆಯಿತು. ಟಿಪ್ಪಣಿಯಲ್ಲಿ ಬರಿದೇ ‘ಸೊಂಟನೋವು’ ಎಂದಿದ್ದರೆ ಎಂ54.50, ನೋವಿನ ಮೂಲ ಕಶೇರುಮಣಿಯಲ್ಲೇ (ಬೆನ್ನೆಲುಬಿನ ಮಣಿಯಲ್ಲೇ) ಇದೆ ಎಂದು ವೈದ್ಯರು ಬರೆದಿದ್ದರೆ ಎಂ54.51; ಇತರೆ ಬಗೆಗೆ ಎಂ54.59. ಹಳೆಯ ಎಂ54.5 ಅನ್ನೇ ಹಾಕಿ ಬಿಲ್ ಕಳಿಸಿದರೆ ಅಲ್ಲಿ ಈಗ ಅದು ಊರ್ಜಿತವಲ್ಲ. ವಿಶ್ವ ಆರೋಗ್ಯ ಸಂಸ್ಥೆಯ ಮೂಲ ಐಸಿಡಿ-10ರಲ್ಲಿ ಈ ಮೂರು ಕವಲು ಇಲ್ಲ. 2022ರಲ್ಲಿ ಜಾರಿಗೆ ಬಂದ ಐಸಿಡಿ-11ರಲ್ಲಿ ಇದೇ ನೋವು ಎಂಇ84.2 ಆಗಿದೆ.

‘ಉಳುಕು’ ಎಂಬ ಪದವನ್ನೂ ಎಚ್ಚರದಿಂದ ಬಳಸಬೇಕು. ನಾವು ಮಾತಿಗೆ ಏನನ್ನೂ ಉಳುಕು ಎನ್ನುತ್ತೇವೆ. ವೈದ್ಯರು ಸ್ನಾಯು ಉಳುಕಿದೆ ಎಂದು ಬರೆದರೆ ಕೋಡ್ ಗಾಯಗಳ ಅಧ್ಯಾಯಕ್ಕೆ ಜಿಗಿದು ಎಸ್39.012 ಎಂದು ಶುರುವಾಗುತ್ತದೆ. ಕಾಲಿಗೆ ಎಳೆತ ಇಳಿದು ಅದು ಸಯಾಟಿಕಾ ಎಂದು ನಮೂದಾಗಿದ್ದರೆ ಎಂ54.4ರ ಮನೆ.

ಈಗ ನನ್ನ ಒಲವು ಹೇಳಿಬಿಡುತ್ತೇನೆ. ಕೋಡಿಂಗ್ ಕಲಿಯುವವರಿಗೆ ‘ಅನ್‌ಸ್ಪೆಸಿಫೈಡ್’ ಎಂದರೆ ‘ವಿವರ ನಮೂದಿಲ್ಲದ’. ನಮ್ಮ ಕಚೇರಿಗಳ ಕಾಗದಪತ್ರದಲ್ಲಿ ‘ನಮೂದು’ ಚೆನ್ನಾಗಿ ಪಳಗಿದ ಪದ. ‘ಅದರ್’ಗೆ ಅರ್ಜಿ ಫಾರಂಗಳಲ್ಲಿರುವ ‘ಇತರೆ’ ಸಾಕು. ರೋಗಿಯ ಕೈಗೆ ಹೋಗುವ ಪತ್ರದಲ್ಲಿ ಮಾತ್ರ ‘ನಾನ್‌ಸ್ಪೆಸಿಫಿಕ್’ಗೆ ಒಂದೇ ಪದ ಬೇಕೆಂಬ ಹಟ ಬಿಟ್ಟು, ‘ಬೇರೆ ಕಾಯಿಲೆಯಿಂದ ಬಂದದ್ದಲ್ಲದ ಸೊಂಟನೋವು’ ಎಂದು ಬಿಡಿಸಿ ಬರೆಯೋಣ ಎನ್ನುತ್ತೇನೆ. ಗೆಳೆಯರೊಬ್ಬರು ‘ಸಾಮಾನ್ಯ ಸೊಂಟನೋವು’ ಎಂದು ಸೂಚಿಸಿದರು. ಬಗ್ಗಿದವರಿಗೆ ನೆಟ್ಟಗಾಗಲು ಆಗದಿರುವಾಗ ಅವರ ನೋವನ್ನು ಸಾಮಾನ್ಯ ಎಂದರೆ ಬೈಗುಳ ಖಚಿತ. ‘ಅಕಾರಣ’ ಇನ್ನೂ ಕೆಟ್ಟದ್ದು, ಕೆಲಸ ತಪ್ಪಿಸಲು ಹೂಡಿದ ನೆಪ ಎಂಬ ವಾಸನೆ ಹೊಡೆಯುತ್ತದೆ.

ಇನ್ನು ‘ಸೊಂಟ’ದ ಮಾತು. ವೈದ್ಯರ ಲೆಕ್ಕದಲ್ಲಿ ಈ ನೋವಿನ ಜಾಗ ಕೊನೆಯ ಪಕ್ಕೆಲುಬಿನ ಕೆಳಗಿನಿಂದ ಪೃಷ್ಠದ ಕೆಳಮಡಿಕೆಯವರೆಗೆ, ಹಿಂಬದಿಯಲ್ಲಿ. ಆದರೆ ತೊಡೆಮೂಳೆ ಕೂಡುವ ಕೀಲು ನೋಯುವವರೂ ‘ಸೊಂಟನೋವು’ ಎಂದೇ ಹೇಳುತ್ತಾರೆ. ಅದರ ಕೋಡ್ ಎಂ25.55ರ ಸಾಲಿನದು, ಚಿಕಿತ್ಸೆಯೂ ಬೇರೆ. ‘ಬೆನ್ನುನೋವು’ ಎಂದರೆ ಹೆಗಲಿನವರೆಗೂ ಹೋಗುತ್ತದೆ. ಕೋಲಾರದ ಕಡೆ ತೆಲುಗು ಮನೆಮಾತಿನವರು ‘ನಡುಮು ನೊಪ್ಪಿ’ ಎನ್ನುತ್ತಾರೆ. ಅದಕ್ಕೆ ಹೊಂದುವ ‘ನಡುನೋವು’ ಕನ್ನಡದಲ್ಲೂ ಇದೆ, ಕೀಲಿನ ಗೊಂದಲವೂ ಅದಕ್ಕಿಲ್ಲ. ನನಗೆ ಇದೇ ಹಿಡಿಸಿದೆ. ಕ್ಲಿನಿಕ್‌ನವರಿಗೆ ಹಿಡಿಸಿಲ್ಲ; ಅದು ತೀರಾ ಹಳ್ಳಿಯ ಮಾತಾಯಿತು ಎನ್ನುತ್ತಾರೆ. ರೋಗಿಗಳು ಹಳ್ಳಿಗಳಿಂದಲೇ ತಾನೇ ಬರುವುದು!

ಹಾಗಾಗಿ ನಿಮ್ಮಲ್ಲಿ ಎರಡು ಪ್ರಶ್ನೆ. ನಿಮ್ಮ ಊರಿನಲ್ಲಿ ‘ನಡುನೋವು’ ಎಂದವರು ಕೈಯನ್ನು ಎಲ್ಲಿಡುತ್ತಾರೆ, ಹಿಂದೆಯೋ ಪಕ್ಕದಲ್ಲೋ? ಉತ್ತರ ಕರ್ನಾಟಕದವರು ‘ಟೊಂಕ’ದ ಬಗ್ಗೆಯೂ ಇದನ್ನೇ ತಿಳಿಸಿ. ಎರಡನೆಯದು: ‘ಬೇರೆ ಕಾಯಿಲೆಯಿಂದ ಬಂದದ್ದಲ್ಲದ’ ಎಂಬುದನ್ನು ಇನ್ನೂ ಚಿಕ್ಕದು ಮಾಡಬಹುದೇ? ಪತ್ರದ ತಲೆಬರಹ ಒಂದೇ ಸಾಲಿನಲ್ಲಿ ಕೂರಬೇಕಂತೆ.